ಒದ್ದೆ ಪರದೆಯ ಆಚೆ ಬದಿ

ಈ ಕಥೆಯನ್ನು ಮೊದಲು ಹೇಳಿದವಳು ಠಕೂಬಾಯಿ ನಿಗವೇಕರ. ೧೯೫೮ರ ಚೈತ್ರದ ಒಂದು ಮಧ್ಯಾಹ್ನ, ಕೊಲ್ಲಾಪುರದ ಶುಕ್ರವಾರ ಪೇಠೆಯ ವಾಡೆಯೊಂದರ ಅಂಗಳದಲ್ಲಿ, ಉದ್ದಿನ ಹಪ್ಪಳ ಲಟ್ಟಿಸುತ್ತಿದ್ದ ಹೆಂಗಸರಿಗೆ. ಕಥೆ ಹೇಳಬೇಕೆಂದು ಅವಳು ಕೂತಿರಲಿಲ್ಲ. ಕೂತವರಲ್ಲಿ ಒಬ್ಬಳ ಮಗು, ಆಗಷ್ಟೇ ಗಟ್ಟಿಯಾಗಿ ನಡೆಯಲು ಕಲಿತಿದ್ದ ಹೆಣ್ಣುಮಗು, ಹಿಟ್ಟಿನ ಉಂಡೆಗೆ ಎಡಗೈ ಹಾಕಿತು. ತಾಯಿ ಲಟ್ಟಣಿಗೆಯ ತುದಿಯಿಂದ ಆ ಕೈಗೆ ಒಂದು ಕೊಟ್ಟಳು.

“ಬಡೀಬ್ಯಾಡ,” ಅಂದಳು ಠಕೂಬಾಯಿ.

“ಈಗ ತಿದ್ದಲಿಲ್ಲಂದ್ರ ಎಡಚಿ ಆಗ್ತಾಳ, ಆಜಿ. ನಾಳೆ ಗಂಡನ ಮನ್ಯಾಗ ಅಕಿನ್ನ ಬೈಯೂದಿಲ್ಲ, ಹಡದಾಕಿನ್ನ ಬೈತಾರ.”

“ಬೈಲಿ. ಎಡಗೈಗೆ ಬಡದಾಕಿ ಒಬ್ಬಾಕಿನ್ನ ನಾ ಕಂಡೀನಿ. ಅಕಿ ಕಥಿ ಕೇಳು. ಆಮ್ಯಾಲ ಬೇಕಂದ್ರ ಬಡಿ.”

ಅವಳು ಹೇಳಿದ ಕ್ರಮವನ್ನು ಕೆಡಿಸದೆ ಆ ಕಥೆಯನ್ನು ಇಲ್ಲಿ ಕೊಟ್ಟಿದೆ.

ಚಿತ್ರಗಳಿಗೆ ಇನ್ನೂ ಬಾಯಿ ಬರದ ಕಾಲ. ಪಂಚಗಂಗೆಯ ದಂಡೆಗೆ ಹತ್ತಿರದ ಒಂದು ಮಾವಿನ ತೋಪಿನಲ್ಲಿ ನಾನಾ ಕಾರಖಾನೀಸ ಎಂಬವರು ಚಿತ್ರದ ಕಂಪನಿ ಕಟ್ಟಿದ್ದರು. ಮೊದಲು ನಾಟಕಗಳಿಗೆ ಪರದೆ ಬರೆಯುತ್ತಿದ್ದವರು. ಕಂಪನಿಗೆ ಮಾಡು ಎಂಬುದೇ ಇರಲಿಲ್ಲ, ಬಿಸಿಲೇ ದೀಪ. ತಲೆಯ ಮೇಲೆ ತೆಳುವಾದ ಬಿಳಿ ಬಟ್ಟೆ ಬಿಗಿದು ಬಿಸಿಲನ್ನು ಹಾಲಿನಂತೆ ಸೋಸಿಕೊಳ್ಳುತ್ತಿದ್ದರು. ಬೆನ್ನ ಹಿಂದೆ ಬಣ್ಣ ಬಳಿದ ಬಟ್ಟೆಯ ಪಂಢರಪುರ; ಗಾಳಿ ಬಂದರೆ ಗುಡಿಯ ಶಿಖರ ಅಲುಗುತ್ತಿತ್ತು, ಆಗ ಎಲ್ಲರೂ ಗಾಳಿ ನಿಲ್ಲುವವರೆಗೆ ಕೈಕಟ್ಟಿ ಕಾಯುತ್ತಿದ್ದರು. ಠಕೂಬಾಯಿ ಅಲ್ಲಿ ನೀರು ಹೊರುತ್ತಿದ್ದಳು. ಫಿಲ್ಮು ತೊಳೆಯುವ ತೊಟ್ಟಿಗೆ ನೀರು, ಬಣ್ಣ ಕಲಸಲು ನೀರು, ನಟರ ಮೈಯ ಮಸಿ ತೊಳೆಯಲು ನೀರು. ಅಡುಗೆ ಹೌಸಾಬಾಯಿಯದು.

ಹೌಸಾಬಾಯಿಯ ಗಂಡ ಪಲ್ಟಣಿನ ಜೊತೆ ಬಸ್ರಾದ ಲಡಾಯಿಗೆ ಹೋದವನು ಹಿಂದಿರುಗಲಿಲ್ಲ. ಉಳಿದದ್ದು ಚಿಮಾ ಒಬ್ಬಳೇ, ಆರು ತುಂಬದ ಮಗಳು. ಚಿಮಾ ಹುಟ್ಟಾ ಎಡಚಿ. ನೆಲ ಗೀಚುವುದು, ಹುಣಸೇಬೀಜ ಎಣಿಸುವುದು, ತಾಯಿಯ ಸೆರಗು ಹಿಡಿಯುವುದು ಎಲ್ಲವೂ ಎಡಗೈಯಲ್ಲೇ. ಅಪ್ಪನಿಲ್ಲದ ಹುಡುಗಿಗೆ ಇದೊಂದು ಕುಂದು ಬೇರೆ ಯಾಕೆಂದು ಹೌಸಾಬಾಯಿ ಊಟಕ್ಕೆ ಕೂಡಿಸುವಾಗ ಹಳೆಯ ಸೀರೆಯ ಅಂಚು ಹರಿದು ಆ ಕೈಯನ್ನು ಸೊಂಟಕ್ಕೆ ಕಟ್ಟುತ್ತಿದ್ದಳು. ಬಲಗೈಯಿಂದ ಉಣ್ಣುವಾಗ ಚಿಮಾ ಕೈಯನ್ನೇ ನೋಡುತ್ತ ಉಣ್ಣುತ್ತಿದ್ದಳು, ಬೇರೆ ಯಾರದೋ ಕೈ ತನಗೆ ತುತ್ತು ಕೊಡುತ್ತಿದೆಯೇನೋ ಎಂಬಂತೆ. ಕಟ್ಟು ಬಿಚ್ಚಿದ ಮೇಲೆ ಅವಳದೊಂದು ಆಟವಿತ್ತು. ಒಲೆಯ ಮುಂದಿನಿಂದ ಎದ್ದು ಬೆವರೊರೆಸಿಕೊಳ್ಳುವ ತಾಯಿಯ ಎದುರು ನಿಂತು ಭಾಕರಿಯ ಚೂರು ಮುರಿದು, “ಆಯೀ, ಆ ಮಾಡು,” ಅನ್ನುವುದು. ತಾಯಿ ಬಾಯಿ ತೆರೆದರೆ ಚೂರು ಒಳಗಿಟ್ಟು ತಾನೇ ಉಂಡಷ್ಟು ನಗುವುದು. ಆ ಹೊತ್ತಿಗೆ ಹೌಸಾಬಾಯಿ ಕೈ ಯಾವುದೆಂದು ನೋಡುತ್ತಿರಲಿಲ್ಲ.

ನಾನಾ ಆ ವರ್ಷ ತೆಗೆದ ಚಿತ್ರದ ಕಥೆ ಇಷ್ಟೇ: ಕುರಿ ಕಾಯುವ ಧನಗರರ ಹುಡುಗಿಯೊಬ್ಬಳು ವಿಠೋಬನಿಗೆ ಜೋಳದ ಭಾಕರಿ ಒಯ್ಯುತ್ತಾಳೆ, ಅವನು ತಿನ್ನದಿದ್ದರೆ ತಾನೂ ತಿನ್ನೆನೆಂದು ಹಟ ಹಿಡಿಯುತ್ತಾಳೆ, ಕಲ್ಲು ಬಾಯಿ ತೆರೆಯುತ್ತದೆ. ಹುಡುಗಿಯಾಗಿ ಚಿಮಾ. ವಿಠೋಬನಾಗಿ ಕುಸ್ತಿಯ ತಾಲೀಮಿನ ಶಿದೋಬಾ ಪೈಲವಾನ, ಮೈತುಂಬ ಮಸಿ ಬಳಿದು, ಸೊಂಟದ ಮೇಲೆ ಎರಡೂ ಕೈಯಿಟ್ಟು, ಇಟ್ಟಿಗೆಯ ಮೇಲೆ ನಿಂತಿದ್ದ. ಚಿಮಾ ಅವನನ್ನು ಕಂಡೊಡನೆ ಅಳಲು ಶುರುಮಾಡಿದಳು.

“ನಾನಾ, ಕೂಸು ಕೊಡೂದಿಲ್ಲ ಅಂತೈತಿ. ಆ ಭಾಕರಿ ಈ ಕಡೆ ತರ್ರಿ,” ಅಂದ ಶಿದೋಬಾ. “ಮುಂಜಾನಿಂದ ನಿಂತೀನಿ. ದೇವರಾದ್ರೇನು, ಹೊಟ್ಟಿ ಕೇಳ್ತದೇನು?”

“ಸೊಂಟದ ಮ್ಯಾಲಿನ ಕೈ ತಗದಿ ಅಂದ್ರ ವಾಪಸ್ ತಾಲೀಮಿಗೆ ಕಳಸ್ತೀನಿ, ನೋಡು.”

“ಕಳಸ್ರಿ. ಅಲ್ಲೆ ಹಾಲಾದ್ರೂ ಕೊಡ್ತಾರ.”

ಎಲ್ಲರೂ ನಕ್ಕರು, ಚಿಮಾ ನಗಲಿಲ್ಲ. ಬಿಸಿಲು ಸರಿಯುತ್ತಿತ್ತು. ನಾನಾ ಅಡುಗೆಮನೆಯ ಕಡೆ ಕೂಗಿದರು. ಹೌಸಾಬಾಯಿ ಕೈ ಒರೆಸಿಕೊಳ್ಳುತ್ತ ಬಂದಳು.

“ಕ್ಯಾಮೆರಾದ ಬಾಜೂಕ ಕೂಡು, ಹೌಸಾ. ಕೂತು ಬಾಯಿ ತಗಿ.”

“ನಾ ಯಾಕ್ರಿ? ಒಲಿ ಮ್ಯಾಲ ಪಿಠಲ ಐತಿ.”

“ಹೊತ್ತಿದ್ರ ಹೊತ್ತಲಿ, ಹೊತ್ತಿದ್ದನ್ನ ತಿಂತೀವಿ. ಕೂಸು ನೋಡೂದು ನಿನ್ನ. ಜನ ನೋಡೂದು ಕೂಸಿನ ಮಾರಿ. ಆಮ್ಯಾಲ ಶಿದೋಬಾನ ಬಾಯಿ ತೋರಿಸ್ತೀನಿ. ಎರಡರ ನಡುವ ಒಂದೀಟು ಅಂಟು ಹಚ್ಚಿದೆ ಅಂದ್ರ ಮುಗೀತು, ಉಳದದ್ದು ಜನಾನ ಹೊಲಕೋತಾರ.”

ಹೌಸಾಬಾಯಿ ಕ್ಯಾಮೆರಾದ ಪಕ್ಕ ಕುಕ್ಕುರುಗಾಲಲ್ಲಿ ಕೂತಳು. ನಾಲ್ಕು ಜನ ಗಂಡಸರ ಎದುರು ಬಾಯಿ ತೆರೆಯಲು ನಾಚಿ ಮೊದಲು ಸೆರಗು ಅಡ್ಡ ಹಿಡಿದಳು, ಆಮೇಲೆ ಬಿಟ್ಟಳು. ಚಿಮಾಳ ಅಳು ನಿಂತಿತು. ತಟ್ಟೆಯ ಮೇಲಿನ ಭಾಕರಿ ನೋಡಿದಳು, ತಾಯಿಯ ತೆರೆದ ಬಾಯಿ ನೋಡಿದಳು. ಹಲ್ಲುದುರಿದ ಬಾಯ್ತುಂಬ ನಕ್ಕು, ಚೂರು ಮುರಿದು, ಇಡೀ ಮೈಯನ್ನು ಮುಂದಕ್ಕೆ ಚಾಚಿ ಕೊಟ್ಟಳು. ನಾನಾ ಹಿಡಿಕೆ ತಿರುಗಿಸುತ್ತಲೇ ಇದ್ದರು. ಅವರ ಕಣ್ಣಿಗೆ ಕಂಡದ್ದು ಆ ಮುಖವೊಂದೇ.

“ಅಯ್ಯಯ್ಯ, ಎಡಗೈಲೆ ಕೊಟ್ಲಲ್ರೀ!” ಅಂದ ಶಿದೋಬಾ.

ವಿಠೋಬನಿಗೆ ಎಡಗೈಯ ನೈವೇದ್ಯ. ಹೌಸಾಬಾಯಿ ದಡಕ್ಕನೆ ಎದ್ದಳು. ಎದ್ದವಳೇ ಆ ಕೈ ಹಿಡಿದು ಫಟ್ಟನೆ ಬಡಿದಳು. ಚೂರು ಮಣ್ಣಿಗೆ ಬಿತ್ತು.

“ದೇವರಿಗೆ ಎಡಗೈಯೇನ? ಎಷ್ಟು ಸಲ ಹೇಳೀನಿ? ದೇವರಿಗೆ?”

ಚಿಮಾ ಅಳಲಿಲ್ಲ. ಅರ್ಥವಾಗದೆ ತಾಯಿಯನ್ನು ನೋಡಿ, “ದೇವರಿಗೆಲ್ಲೆ ಕೊಟ್ಟೆ, ಆಯೀ?” ಅಂದಳು. “ನಿನಗ ಕೊಟ್ಟೆ.”

ಮರುದಿನ ಅದನ್ನೇ ಮತ್ತೆ ತೆಗೆಯಲು ಹೊರಟರು. ಹೌಸಾಬಾಯಿ ಮತ್ತೆ ಅಲ್ಲೇ ಕೂತಳು, ಬಾಯಿ ತೆರೆದಳು. ಚಿಮಾ ಬಲಗೈಯಿಂದ ಚೂರು ಮುರಿದಳು, ಬಲಗೈಯಿಂದ ಕೊಟ್ಟಳು. ಒಂದು ತಪ್ಪೂ ಆಗಲಿಲ್ಲ. ಆದರೆ ಕಣ್ಣು ಕೈಯ ಮೇಲೇ ಇತ್ತು. ನಾನಾ ಅರ್ಧಕ್ಕೇ ಹಿಡಿಕೆ ನಿಲ್ಲಿಸಿ, “ಸಾಕು,” ಅಂದು ಕ್ಯಾಮೆರಾಕ್ಕೆ ಕರಿ ಬಟ್ಟೆ ಮುಚ್ಚಿದರು.

ಅದೇ ತಿಂಗಳು ಊರಲ್ಲಿ ಇಲಿ ಸತ್ತು ಬಿದ್ದವು, ಪ್ಲೇಗು ಬಂತು. ಪೇಠೆಯ ಜನವೆಲ್ಲ ಮನೆ ಬಿಟ್ಟು ಊರ ಹೊರಗಿನ ಮಾಳದ ಮೇಲೆ ಗುಡಿಸಲು ಹಾಕಿಕೊಂಡರು. ಹೌಸಾಬಾಯಿಯದೂ ಠಕೂಬಾಯಿಯದೂ ಒಂದೇ ತಟ್ಟಿಯ ಗೋಡೆ. ಚಿಮಾಳಿಗೆ ಜ್ವರ ಬಂತು, ಕಂಕುಳಲ್ಲಿ ಗಡ್ಡೆ ಎದ್ದಿತು. ಕೊನೆಯ ಸಂಜೆ, ಗುರುತು ತಪ್ಪಿ ಏನೇನೋ ಮಾತಾಡುತ್ತಿದ್ದವಳು ಒಮ್ಮೆ ಕಣ್ಣು ಬಿಟ್ಟು ನೀರು ಬೇಡಿದಳು. ಹೌಸಾಬಾಯಿ ತಂಬಿಗೆ ಮುಂದೆ ಹಿಡಿದಳು. ಚಿಮಾ ಎಡಗೈಯನ್ನು ಬೆನ್ನ ಹಿಂದೆ ಸರಿಸಿಕೊಂಡು ಬಲಗೈ ಚಾಚಿದಳು.

“ಕಲತುಬಿಟ್ಟಿದ್ಲು,” ಅಂದಳು ಠಕೂಬಾಯಿ ಹಪ್ಪಳದ ಅಂಗಳದಲ್ಲಿ; ಅಂದು, ಎದುರಿಗಿದ್ದ ಹಿಟ್ಟನ್ನು ಬಹಳ ಹೊತ್ತು ನಾದಿದಳು.

ಇತ್ತ ನಾನಾ ಚಿತ್ರ ಮುಗಿಸಿದ್ದರು. ಬಲಗೈಯ ತುಂಡನ್ನು ಎಷ್ಟು ಸಲ ಬೆಳಕಿಗೆ ಹಿಡಿದರೂ ಅದರಲ್ಲಿ ಜೀವ ಕಾಣಲಿಲ್ಲ. ಎಡಗೈಯದನ್ನು ಬಿಡಲು ಮನಸ್ಸು ಬರಲಿಲ್ಲ, ತೋರಿಸಲು ಧೈರ್ಯ ಸಾಲಲಿಲ್ಲ. ಕೊನೆಗೆ ಒಂದು ಉಪಾಯ ಕಂಡರು. ಚಿಮಾ ನಗುತ್ತ ಕೊಡುವ ಫಿಲ್ಮಿನ ಆ ಒಂದು ಪಟ್ಟಿಯನ್ನು ಅಂಗಿಯ ಒಳಮೈ ಹೊರಗೆ ಮಾಡುವಂತೆ ಮಗುಚಿ, ಹಿಂದೆ ಮುಂದೆ ಅಂಟು ಹಚ್ಚಿ ಕೂಡಿಸಿದರು. ಮಗುಚಿದೊಡನೆ ಎಡವೆಲ್ಲ ಬಲವಾಯಿತು. ನಗು ಹಾಗೇ ಉಳಿಯಿತು.

ಪೇಠೆಯ ಜನ ಮನೆಗಳಿಗೆ ಮರಳಿದ ಮೇಲೆ ಬಯಲಲ್ಲಿ ಡೇರೆ ಎದ್ದಿತು. ಡೇರೆಯ ನಡುವೆ ದೊಡ್ಡ ಬಿಳಿ ಬಟ್ಟೆಯ ಪರದೆ. ಈಚೆ ಗಂಡಸರು, ಆಚೆ ಹೆಂಗಸರು. ಯಂತ್ರ ಗಂಡಸರ ಕಡೆ. ಬೆಳಕು ಬಟ್ಟೆಯನ್ನು ದಾಟಿ ಹೆಂಗಸರ ಕಡೆಗೂ ಬರಬೇಕಾದರೆ ಬಟ್ಟೆ ನೆನೆದಿರಬೇಕು. ನೀರು ಎರಚುವ ಆ ಕೆಲಸ ಠಕೂಬಾಯಿಗೆ ಬಂತು. ಹೆಂಗಸರ ಕಡೆ ಅಕ್ಷರಗಳೆಲ್ಲ ತಿರುವುಮುರುವು, ಓದಬಲ್ಲವರಿಗೂ ಓದಲಾಗುತ್ತಿರಲಿಲ್ಲ. ರಾಜರು ಎಡಗೈಯಲ್ಲಿ ಕತ್ತಿ ಹಿರಿಯುತ್ತಿದ್ದರು, ಭಟ್ಟರು ಎಡಗೈಯಲ್ಲಿ ಆರತಿ ಎತ್ತುತ್ತಿದ್ದರು. “ನಮ್ಮ ಕಡೆ ದೇವರು ಸೈತ ಎಡಚನ ಬೇ,” ಎಂದು ಹೆಂಗಸರು ನಗುತ್ತಿದ್ದರು.

ಮೊದಲ ಆಟಕ್ಕೆ ನಾನಾ ಗೌರವವೆಂದು ಹೌಸಾಬಾಯಿಯನ್ನು ಗಂಡಸರ ಕಡೆ, ಮುಂದಿನ ಸಾಲಿನ ಕುರ್ಚಿಯಲ್ಲಿ ಕೂಡಿಸಿದರು. ಅಷ್ಟು ಗಂಡಸರ ನಡುವೆ ಅವಳೊಬ್ಬಳೇ ಹೆಂಗಸು. ನೈವೇದ್ಯದ ಹೊತ್ತು ಬಂದಾಗ, ಚಿತ್ರದುದ್ದಕ್ಕೂ ಹಾರ್ಮೋನಿಯಂ ಪೆಟ್ಟಿಗೆ ನುಡಿಸುತ್ತಿದ್ದವನು ಬಾರಿಸುವುದನ್ನು ನಿಲ್ಲಿಸಿದ. ತೆರೆಯ ತುಂಬ ಚಿಮಾಳ ಮುಖ. ನಕ್ಕಳು, ಮುರಿದಳು, ಬಲಗೈ ಚಾಚಿ ಕೊಟ್ಟಳು. ಅದಾದ ಮೇಲೆ ಶಿದೋಬಾನ ಕರಿ ತುಟಿಗಳು ಮೆಲ್ಲನೆ ತೆರೆದವು. ಡೇರೆಗೆ ಡೇರೆಯೇ “ವಿಠ್ಠಲ! ವಿಠ್ಠಲ!” ಎಂದು ಎದ್ದು ನಿಂತಿತು. ಮುದುಕರು ಮುಂಡಾಸು ತೆಗೆದು ಕಣ್ಣೊರೆಸಿಕೊಂಡರು. ಹೌಸಾಬಾಯಿ ಮಾತ್ರ ಕುರ್ಚಿ ಬೀಳಿಸಿಕೊಂಡು ಎದ್ದಳು.

“ಅಕಿ ಅಲ್ಲ! ಅಕಿ ನನ್ನ ಚಿಮಾ ಅಲ್ಲ!”

ದುಃಖಕ್ಕೆ ತಲೆ ಕೆಟ್ಟಿದೆ ಎಂದರು ಜನ. ಅವಳನ್ನು ಹೊರಗೆ ಕರೆತಂದ ಠಕೂಬಾಯಿ ಕಾರಣ ಕೇಳಿದಳು.

“ಬಲಗೈಲೆ ಕೊಡೂವಾಗ ಒಂದು ದಿವಸರ ನಕ್ಕಾಳೇನ ಅಕಿ? ಬಲಗೈ ಅಂದ್ರ ಅಳುಮಾರಿ. ನನಗ ಗೊತ್ತಿಲ್ಲೇನ? ಯಾರದೋ ಕೂಸಿಗೆ ನನ್ನ ಕೂಸಿನ ಮಾರಿ ಹಚ್ಚಿ ತಂದಾರ, ಠಕೂ.”

ಪಟ್ಟಿ ಮಗುಚಿದ ಸಂಗತಿಯನ್ನು ಠಕೂಬಾಯಿ ನಾನಾರ ಬಾಯಿಂದ ಕೇಳಿದ್ದಳು. ಬಿಡಿಸಿ ಹೇಳಲು ಅವಳಿಗೆ ಬರಲಿಲ್ಲ. ಮರುದಿನ ಆಟದ ಹೊತ್ತಿಗೆ ಹೌಸಾಬಾಯಿಯ ಕೈ ಹಿಡಿದು ಹೆಂಗಸರ ಕಡೆ ಕರೆತಂದು, ಪರದೆಗೆ ಹತ್ತಿರ, ನೆಲದ ಮೇಲೆ ಕೂಡಿಸಿದಳು. ಕೊಡದ ನೀರು ಮುಗಿಯದಂತೆ ಕಾದು, ಕೊನೆಯ ತಂಬಿಗೆಯನ್ನು ಆ ಹೊತ್ತಿಗೆಂದೇ ಇಟ್ಟುಕೊಂಡಳು. ಪೆಟ್ಟಿಗೆ ನಿಂತೊಡನೆ ಬಟ್ಟೆಗೆ ಎರಚಿದಳು. ಮಸುಕಾಗಿದ್ದ ಬಟ್ಟೆ ತಿಳಿಯಾಯಿತು. ಮಗುಚಿದ್ದು ಆಚೆ ಬದಿಯಲ್ಲಿ ಮತ್ತೊಮ್ಮೆ ಮಗುಚಿಕೊಂಡಿತ್ತು.

ಚಿಮಾ ನಕ್ಕಳು. ಎಡಗೈಯಿಂದ ಚೂರು ಮುರಿದಳು. ಇಡೀ ಮೈ ಮುಂದಕ್ಕೆ ಚಾಚಿ, ಎಡಗೈಯಿಂದ ಕೊಟ್ಟಳು.

ಹೌಸಾಬಾಯಿ ಬಾಯಿ ತೆರೆದಳು. ಪರದೆಯಾಚೆ ಗಂಡಸರು ವಿಠ್ಠಲನನ್ನು ಕೂಗುತ್ತಿದ್ದರು. ಒದ್ದೆ ಬಟ್ಟೆಯ ಬೆಳಕು ಅವಳ ಹಲ್ಲು ನಾಲಗೆಯ ಮೇಲೆಲ್ಲ ಬಿದ್ದು ಹೋಯಿತು. ಕಂಡ ಹೆಂಗಸರು ನಗಲಿಲ್ಲ. ಒಬ್ಬಳು ತನ್ನ ಮಡಿಲ ಕೂಸನ್ನು ಸೆರಗಿನೊಳಗೆ ಎಳೆದುಕೊಂಡಳು.

ಆ ಮೇಲೆ ಡೇರೆ ಹೋದಲ್ಲೆಲ್ಲ ಹೌಸಾಬಾಯಿಯೂ ಹೋದಳು. ಸಾಂಗಲಿ, ಮಿರಜ, ನಿಪ್ಪಾಣಿ, ಗಡಹಿಂಗ್ಲಜ. ಹಗಲು ಕಂಪನಿಗೆ ಭಾಕರಿ ಬಡಿಯುವಳು, ಸಂಜೆ ಪರದೆಯ ಹಿಂದೆ ಅದೇ ಜಾಗಕ್ಕೆ ಬಂದು ಕೂರುವಳು. ತೆರೆಯ ಮೇಲಿನ ಉಳಿದ ಯಾವುದನ್ನೂ ಅವಳು ನೋಡುತ್ತಿರಲಿಲ್ಲ. ಕಾಳು ಆರಿಸುತ್ತಲೋ ಬತ್ತಿ ಹೊಸೆಯುತ್ತಲೋ ತಲೆ ತಗ್ಗಿಸಿ ಕೂತಿರುತ್ತಿದ್ದಳು. ಪೆಟ್ಟಿಗೆ ನಿಂತಾಗ ತಲೆ ಎತ್ತುವಳು. ಠಕೂಬಾಯಿ ಕೊನೆಯ ತಂಬಿಗೆ ಎರಚುವಳು.

ಕೆಲವು ವರ್ಷಗಳಲ್ಲಿ ಡೇರೆಯ ಕಾಲ ಮುಗಿಯಿತು. ಈ ಪೇಠೆಯಲ್ಲೇ ಕಲ್ಲಿನ ಥಿಯೇಟರು ಎದ್ದಿತು. ಬಟ್ಟೆಯ ಪರದೆ ಹೋಗಿ ಗಾರೆಯ ಗಿಲಾಯಿ ಮಾಡಿ ಸುಣ್ಣ ಬಳಿದ ಗೋಡೆಯೇ ಪರದೆಯಾಯಿತು. ಹೆಂಗಸರಿಗೆ ಮೇಲೆ, ಗಂಡಸರ ತಲೆಯ ಹಿಂದೆ, ಚಿಕ್ಕ ಅಟ್ಟ. ಹೆಂಗಸರಿಗೆಲ್ಲ ಹಿಗ್ಗು, ಈಗ ಅವರಿಗೂ ರಾಜರು ಬಲಗೈಯಲ್ಲಿ ಕತ್ತಿ ಹಿಡಿದಂತೆ ಕಾಣುತ್ತಿತ್ತು. ಹಳೆಯದಾದ ಚಿಮಾಳ ಚಿತ್ರವನ್ನು ವರ್ಷಕ್ಕೊಮ್ಮೆ, ಆಷಾಢದ ಏಕಾದಶಿಯ ಬೆಳಗ್ಗೆ, ಪಂಢರಪುರಕ್ಕೆ ಹೋಗಲಾರದವರಿಗಾಗಿ ಹಾಕುತ್ತಿದ್ದರು. ಮೊದಲ ಏಕಾದಶಿಗೆ ಹೌಸಾಬಾಯಿ ಅಟ್ಟದ ಮೆಟ್ಟಿಲ ತನಕ ಹೋಗಿ ಮರಳಿ ಬಂದಳು; ಅಲ್ಲಿಂದಲೂ ಕಾಣುವುದು ಬಲಗೈಯ ಚಿಮಾಳೇ.

ಠಕೂಬಾಯಿ ನೇರ ನಾನಾರ ಬಳಿ ಹೋದಳು. ನಾನಾ ಆಗ ಕಣ್ಣು ಮಂಜಾಗಿ ಮನೆಯಲ್ಲೇ ಇರುತ್ತಿದ್ದರು. ಎಲ್ಲ ಕೇಳಿ, “ಇದನ್ನ ಇಷ್ಟು ವರ್ಷ ನನಗ್ಯಾಕ ಹೇಳಲಿಲ್ಲ?” ಅಂದರು. ಆಮೇಲೆ, “ಮುಂದಿನ ಏಕಾದಶಿಗೆ ಆ ಪಟ್ಟಿ ಬಿಚ್ಚಿ ಇದ್ದಂಗ ಹಾಕ್ತೀನಿ. ಜನ ಕಲ್ಲು ಒಗದ್ರ ಒಗೀಲಿ. ಒಂದು ಆಟ. ಅಕಿಗೆ ಹೇಳು,” ಅಂದರು.

ಠಕೂಬಾಯಿ ಓಡುತ್ತ ಬಂದು ಹೇಳಿದಳು. ಹೌಸಾಬಾಯಿ ಭಾಕರಿ ಬಡಿಯುತ್ತಿದ್ದಳು. ಕೈ ನಿಲ್ಲಿಸಲಿಲ್ಲ.

“ಬ್ಯಾಡ, ಠಕೂ.”

“ಯಾಕ ಬ್ಯಾಡ? ಮುಂದಿನ ಸಾಲಿನ್ಯಾಗ ಕೂತು ನೋಡ್ತಿ, ಹೌಸಾಕ್ಕಾ. ನಾ ಬಾಜೂಕ ಇರ್ತೀನಿ.”

“ನಾ ನೋಡ್ತೀನಿ, ಖರೆ. ಊರೂ ನೋಡ್ತೈತಿ.” ಭಾಕರಿಯನ್ನು ಹಂಚಿನ ಮೇಲೆ ಹಾಕಿ, ಒದ್ದೆ ಕೈಯಿಂದ ಅದರ ಮೇಲೆ ನೀರು ಸವರಿದಳು. “ದೇವರಿಗೆ ಎಡಗೈಲೆ ಕೊಟ್ಲು ಅಂತ ಊರೆಲ್ಲ ನನ್ನ ಕೂಸಿನ್ನ ಬೈತೈತಿ. ಒಮ್ಮೆ ಬೈಸ್ಕೊಂಡಾಳ, ನನ್ನ ಕೈಲೆ. ಸಾಕು. ಮಂದಿ ಮುಂದ ಅಕಿ ಬಲಗೈಲೇನ ಕೊಡ್ಲಿ.”

ಮುಂದಿನ ಏಕಾದಶಿ ಬಂತು. ಆ ವರ್ಷ ಮಳೆ ತಡವಾಗಿತ್ತು. ಬೆಳಗ್ಗೆಯೇ ಕಲ್ಲು ಕಾದಿದ್ದವು. ಥಿಯೇಟರಿನ ಬಾಗಿಲಲ್ಲಿ ತಾಳದವರೂ ತುಳಸಿಮಾಲೆಯವರೂ ತುಂಬಿದ್ದರು. ಠಕೂಬಾಯಿಗೆ ಅಲ್ಲಿ ಈಗ ಅಟ್ಟದ ಹೆಂಗಸರಿಗೆ ಕುಡಿಯುವ ನೀರು ಕೊಡುವ ಕೆಲಸ. ಆಟ ಶುರುವಾದ ಮೇಲೆ ಕೊಡ ತುಂಬಲೆಂದು ಹಿಂದಿನ ಓಣಿಯ ಬಾವಿಗೆ ಹೋದಳು. ಒಳಬದಿಯಲ್ಲಿ ಪರದೆಯಾಗಿದ್ದ ಥಿಯೇಟರಿನ ಹಿಂಗೋಡೆಯ ಬುಡದಲ್ಲಿ, ಕಿಟಕಿಯಿಲ್ಲ ಬಾಗಿಲಿಲ್ಲದ ಕರಿಕಲ್ಲಿನ ಗೋಡೆಗೆ ಮುಖಮಾಡಿ, ಹೌಸಾಬಾಯಿ ನೆಲದ ಮೇಲೆ ಕೂತಿದ್ದಳು. ಮಡಿಲಲ್ಲಿ ಬತ್ತಿಯ ಹತ್ತಿ. ಡೇರೆಯಲ್ಲಿ ಪರದೆಗೆ ಎಷ್ಟು ದೂರ ಕೂರುತ್ತಿದ್ದಳೋ ಅಷ್ಟೇ ದೂರ.

ಠಕೂಬಾಯಿ ಅವಳ ಹತ್ತಿರ ಬಂದಳು. ಕೊಡ ಇಳಿಸಿ ನಿಂತಳು. ಒಳಗಿನ ಪೆಟ್ಟಿಗೆಯ ಸ್ವರ ಕಲ್ಲಿನ ಮೂಲಕ ಇರುವೆ ಹರಿದಂತೆ ಬರುತ್ತಿತ್ತು. ಹೌಸಾಬಾಯಿ ತಲೆ ತಗ್ಗಿಸಿ ಬತ್ತಿ ಹೊಸೆಯುತ್ತಲೇ ಇದ್ದಳು. ಆಮೇಲೆ ಪೆಟ್ಟಿಗೆ ನಿಂತಿತು.

ಠಕೂಬಾಯಿ ಕೊಡದಿಂದ ಒಂದು ತಂಬಿಗೆ ನೀರು ಎತ್ತಿ ಗೋಡೆಗೆ ಎರಚಿದಳು. ಕಾದ ಕಲ್ಲು ಚುಂಯ್‌ಗುಟ್ಟಿತು. ನೀರು ಹರಿದಷ್ಟು ಜಾಗ ಕಪ್ಪಗಾಯಿತು.

ಹೌಸಾಬಾಯಿ ತಲೆ ಎತ್ತಿ ಅಲ್ಲಿಗೆ ನೋಡಿದಳು. ಒಳಗೆ ಜನ “ವಿಠ್ಠಲ! ವಿಠ್ಠಲ!” ಎಂದು ಕೂಗಿದರು. ಅವಳು ಬಾಯಿ ತೆರೆದಳು.

ಕಥೆ ಅಲ್ಲಿಗೆ ನಿಂತಿತು. ಅಂಗಳದ ಬಿಸಿಲು ತುಳಸಿಕಟ್ಟೆ ದಾಟಿತ್ತು. ಮೊದಲು ಹಾಸಿದ ಹಪ್ಪಳಗಳ ಅಂಚು ಒಣಗಿ ಮೇಲೆದ್ದಿದ್ದವು.

“ಎಷ್ಟು ವರ್ಷ ಬಂದ್ಲು, ಆಜಿ?” ಎಂದು ಮಗುವಿನ ತಾಯಿ ಕೇಳಿದಳು.

“ಇರೂತನಕ ಬಂದ್ಲು.”

“ನೀನೂ?”

“ನೀರು ಬೇಕಲ್ಲ,” ಅಂದಳು ಠಕೂಬಾಯಿ.

ಹೆಂಗಸರು ಹಿಟ್ಟಿನ ಕೈ ತೊಳೆದು, ಮಣೆ ಲಟ್ಟಣಿಗೆಗಳನ್ನು ಸೆರಗಲ್ಲಿ ಸುತ್ತಿಕೊಂಡು ಎದ್ದರು. ನಲ್ಲಿಯ ನೀರು ಬರುವ ಹೊತ್ತಾಗಿತ್ತು. ಮನೆಗಳಿಗೆ ಹೋಗುವ ದಾರಿ ಥಿಯೇಟರಿನ ಹಿಂದಿನ ಓಣಿಯೇ. ಉಪ್ಪಿನಕಾಯಿಯ ಮಾವು, ಯಾರದೋ ಮಗಳ ಬಾಣಂತನ ಎಂದು ಮಾತಾಡುತ್ತ ನಡೆದರು. ಕರಿಕಲ್ಲಿನ ಗೋಡೆ ಬಂದಾಗ ಮಾತು ನಿಂತಿತು. ತಾಯಿಯ ಕಂಕುಳಲ್ಲಿದ್ದ ಮಗು ಕೈ ಚಾಚಿ ಗೋಡೆಯನ್ನು ಸವರುತ್ತ ಹೋಯಿತು. ಯಾವ ಕೈಯೆಂದು ಯಾರೂ ನೋಡಲಿಲ್ಲ. ಗೋಡೆ ಮುಗಿದ ಮೇಲೆ ಒಬ್ಬಳು ಮಾವಿನಕಾಯಿಯ ಮಾತನ್ನು ಬಿಟ್ಟಲ್ಲಿಂದ ಮತ್ತೆ ಎತ್ತಿಕೊಂಡಳು.